ಸ್ಟೇಕ್‌ಗೆ ಬೇರ್ನೇಜ್ ಸಾಸ್: ಒಡೆಯದ ಹಾಗೆ ಮಾಡೋದು ಹೇಗೆ

ಹಾಲು ಒಡೆಯೋದು ನೋಡಿದ್ದೀರಲ್ಲ, ಸ್ಟೇಕ್ (ದಪ್ಪ ಮಾಂಸದ ತುಂಡು) ಜೊತೆ ತಿನ್ನೋ, ಬೆಣ್ಣೆ ಮತ್ತೆ ಮೊಟ್ಟೆ ಹಳದಿ ಕಡೆದು ಮಾಡೋ ಈ ಫ್ರೆಂಚ್ ಸಾಸೂ ಹಾಗೇ ಒಡೆಯತ್ತೆ, ಅದಕ್ಕೇ ಎಷ್ಟೋ ಜನ ಇದನ್ನ ರೆಸ್ಟೋರೆಂಟ್‌ಗೆ ಬಿಟ್ಟುಬಿಡ್ತಾರೆ. ನಿಜ ಹೇಳ್ಬೇಕಂದ್ರೆ ಉರಿ ಒಂದನ್ನ ಹಿಡಿತದಲ್ಲಿ ಇಟ್ಕೊಂಡ್ರೆ ಇಪ್ಪತ್ತೈದು ನಿಮಿಷದ ಕೆಲಸ.

ಬೇರ್ನೇಜ್ ಅಂದ್ರೆ ಬೇಆರ್ನ್ ಸೀಮೆಯದು ಅಂತ. ಅದು ಫ್ರಾನ್ಸಿನ ನೈಋತ್ಯ ಮೂಲೆ, ರಾಜ ನಾಲ್ಕನೇ ಹೆನ್ರಿ 1553ರಲ್ಲಿ ಹುಟ್ಟಿದ್ದು ಅಲ್ಲಿನ ಪೋ ಊರಲ್ಲಿ. ಆದ್ರೆ ಸಾಸ್ ಹುಟ್ಟಿದ್ದು ಅಲ್ಲಲ್ವಂತೆ, 19ನೇ ಶತಮಾನದಲ್ಲಿ ಪ್ಯಾರಿಸ್ ಪಕ್ಕದ ಸ್ಯಾನ್ ಜೆರ್ಮೆನ್ ಆನ್ ಲೇಯಲ್ಲಿ, ಇದೇ ರಾಜನ ಹೆಸರಿಟ್ಕೊಂಡಿದ್ದ ಒಂದು ರೆಸ್ಟೋರೆಂಟಲ್ಲಿ ಅಂತ ಕಥೆ.

ನಾಲ್ಕು ಜನಕ್ಕೆ ಉಪ್ಪಿಲ್ಲದ ಬೆಣ್ಣೆ 175 ಗ್ರಾಂ, ಮೂರು ಮೊಟ್ಟೆ ಹಳದಿ, ಸಣ್ಣಗೆ ಹೆಚ್ಚಿದ ಎರಡು ಶ್ಯಾಲಟ್ (ಪುಟ್ಟ ಈರುಳ್ಳಿ ಥರದ್ದು), ವೈಟ್ ವೈನ್ ವಿನೆಗರ್ 60 ಎಂಎಲ್, ವೈಟ್ ವೈನ್ ಕೂಡ ಅಷ್ಟೇ ಅಳತೆ, ಜಜ್ಜಿದ ಕರಿಮೆಣಸು ಸ್ವಲ್ಪ, ಆಮೇಲೆ ಟ್ಯಾರಗನ್ ಸೊಪ್ಪು. ಈ ಸೊಪ್ಪನ್ನ ಬಿಡೋ ಹಾಗಿಲ್ಲ, ಬಡೆಸೋಂಪಿನ ಥರ ಘಮ ಇರತ್ತೆ, ಅದಿಲ್ಲದಿದ್ರೆ ಬೇರೆ ಸಾಸೇ ಆಗೋಗತ್ತೆ.

ಮೊದಲು ಬೆಣ್ಣೆ. ಸಣ್ಣ ಉರೀಲಿ ಕರಗಿಸಿ ಮೇಲಿನ ನೊರೆ ತೆಗೀರಿ, ತಳದಲ್ಲಿ ಬಿಳಿಗೆ ನಿಂತಿರೋದನ್ನ ಕದಡದೆ ಮೇಲಿನ ಹಳದಿ ತಿಳಿ ಮಾತ್ರ ಬಸ್ಕೊಳಿ. ಹಾಗಾದ್ರೆ ಡಬ್ಬಿಯಲ್ಲಿರೋ ತುಪ್ಪನೇ ಹಾಕ್ಬಹುದಲ್ಲ ಅಂತ ನಮ್ಮವರು ಕೇಳೇ ಕೇಳ್ತಾರೆ. ಬೇಡ. ತುಪ್ಪ ಕಾಯಿಸುವಾಗ ತಳ ಕೆಂಪಗಾಗಿ ಬರೋ ಘಮ ಇದೆಯಲ್ಲ, ಹೋಳಿಗೆಗೆ ಚಿನ್ನದಂಥದ್ದು, ಇಲ್ಲಿ ಟ್ಯಾರಗನ್ನನ್ನ ಪೂರ್ತಿ ಮುಚ್ಚಿ ಹಾಕತ್ತೆ.

ಇನ್ನೊಂದು ಪುಟ್ಟ ಪಾತ್ರೇಲಿ ವಿನೆಗರ್, ವೈನ್, ಶ್ಯಾಲಟ್, ಮೆಣಸು, ಟ್ಯಾರಗನ್ ದಂಟು ಹಾಕಿ ಎರಡು ದೊಡ್ಡ ಚಮಚ ಉಳಿಯೋವರೆಗೂ ಬತ್ತಿಸಿ. ಮೂಗು ಸ್ವಲ್ಪ ಹಿಂದೆ ಇಟ್ಕೊಳಿ, ವಿನೆಗರ್ ಹಬೆ ಕೆಮ್ಮು ತರ್ಸತ್ತೆ. ಸೋಸಿ ಆರಕ್ಕೆ ಬಿಡಿ.

ಈಗ ನಿಜವಾದ ಆಟ. ಮೊಟ್ಟೆ ಹಳದಿ, ಆರಿದ ರಸ, ಒಂದು ಚಮಚ ನೀರು ಬೋಗುಣಿಗೆ ಹಾಕಿ, ಕುದಿಯದ ಬರೀ ಹಬೆಯಾಡ್ತಿರೋ ನೀರಿನ ಪಾತ್ರೆ ಮೇಲೆ ಇಡಿ, ಬೋಗುಣಿ ತಳ ನೀರಿಗೆ ತಾಗಬಾರದು, ಕೈ ನಿಲ್ಲಿಸದೆ ವಿಸ್ಕ್‌ನಲ್ಲಿ ಕಡೀತಾ ಇರಿ. ಮೊದಲು ಬರೀ ನೊರೆ, ಆಮೇಲೆ ನಿಧಾನಕ್ಕೆ ಗಟ್ಟಿಯಾಗಿ ವಿಸ್ಕ್ ಎಳೆದ ಜಾಗದಲ್ಲಿ ಒಂದು ಕ್ಷಣ ತಳ ಕಾಣತ್ತೆ, ಅಷ್ಟಾದ್ರೆ ಸಾಕು, ತಕ್ಷಣ ಇಳಿಸಿ. ಥರ್ಮಾಮೀಟರ್ ಇದ್ರೆ 65 ಡಿಗ್ರಿ ಹತ್ತಿರ ಇರಲಿ, 70 ದಾಟಿ ಹೋದ್ರೆ ಮೊಟ್ಟೆ ಬುರ್ಜಿ.

ಬೆಣ್ಣೆ ಉಗುರುಬೆಚ್ಚಗಿಂತ ಸ್ವಲ್ಪ ಜಾಸ್ತಿ ಬಿಸಿ ಇರಲಿ. ಮೊದಮೊದಲು ಹನಿ ಹನಿ, ಆಮೇಲೆ ಸಣ್ಣ ಎಳೆ ಥರ ಸುರೀತಾ ಕಡೀರಿ. ಅವಸರ ಮಾಡಿದ್ರೆ ಕೆಟ್ಟಿರಿ, ಯಾಕಂದ್ರೆ ಮೊಟ್ಟೆ ಹಳದಿಯಲ್ಲಿರೋ ಲೆಸಿಥಿನ್ ಅನ್ನೋ ಅಂಶ ಒಂದೊಂದು ಬೆಣ್ಣೆ ಹನಿಯನ್ನೂ ಸುತ್ಕೊಂಡು ನೀರಲ್ಲಿ ತೇಲಿಸಿ ಇಡ್ಬೇಕು, ಅದಕ್ಕೆ ಟೈಮ್ ಕೊಡದೆ ಸುರಿದ್ರೆ ಹನಿಗಳೆಲ್ಲ ಒಟ್ಟು ಸೇರ್ಕೊಂಡು ಬೆಣ್ಣೆ ಬೇರೆ ಮೊಟ್ಟೆ ಬೇರೆ.

ನಂದು ಮೊದಲ ಸಲ ಒಡೀತು, ಬೋಗುಣಿ ತುಂಬ ಜಿಡ್ಡಿನ ಮಧ್ಯೆ ಹಳದಿ ರವೆ, ಎಲ್ಲಾ ಚೆಲ್ಲಿಬಿಟ್ಟೆ, ದಡ್ಡತನ. ಚೆಲ್ಲಬೇಡಿ. ಅಂಚಲ್ಲಿ ಎಣ್ಣೆ ಮಿನುಗೋದು ಕಂಡ ತಕ್ಷಣ ಒಂದು ಚಮಚ ತಣ್ಣೀರು ಹಾಕಿ ಜೋರಾಗಿ ಕಡೀರಿ, ಸಾಮಾನ್ಯವಾಗಿ ಕೂಡ್ಕೊಳತ್ತೆ. ಪೂರ್ತಿ ಒಡೆದಿದ್ರೆ ಬೇರೆ ಬೋಗುಣೀಲಿ ಹೊಸ ಹಳದಿಯೊಂದನ್ನ ಒಂದು ಚಮಚ ನೀರಿನ ಜೊತೆ ಹಬೆ ಮೇಲೆ ಕಡೆದು, ಒಡೆದಿದ್ದನ್ನೇ ಚಮಚ ಚಮಚ ಸೇರಿಸ್ತಾ ಹೋಗಿ. ಮೊಟ್ಟೆ ಬೆಂದು ಗಂಟಾಗಿದ್ರೆ ಮಾತ್ರ ಉಪಾಯ ಇಲ್ಲ.

ಕೊನೇಲಿ ಉಪ್ಪು, ಹೆಚ್ಚಿದ ಟ್ಯಾರಗನ್ ಎಲೆ, ಸಿಕ್ಕಿದ್ರೆ ಚರ್ವಿಲ್ ಅನ್ನೋ ಸೊಪ್ಪು. ಬಿಸಿನೀರಲ್ಲಿ ತೊಳೆದ ಫ್ಲಾಸ್ಕ್‌ಗೆ ಸುರಿದಿಟ್ಟು ಆಮೇಲೆ ಸ್ಟೇಕ್ ಬೇಯಿಸಿ. ಬೆಂದ ಸ್ಟೇಕ್ ಐದು ನಿಮಿಷ ಸುಮ್ನೆ ಬಿಟ್ಟು, ಪಕ್ಕದಲ್ಲಿ ಎರಡು ಚಮಚ ಸಾಸ್ ಹಾಕಿ. ಫ್ರೆಂಚ್ ಫ್ರೈಸ್ ಇರಲೇಬೇಕು, ಅದನ್ನೂ ಇದರಲ್ಲೇ ಅದ್ದೋದು.