ಅಳತೆ ಜಾಡಿಯಲ್ಲಿ ಕೆಂಪು ಶಾಯಿ

ತುಮಕೂರು ಜಿಲ್ಲೆಯ ಒಂದು ಹಳ್ಳಿ ಹೈಸ್ಕೂಲಿಗೆ ನಾನು ವಿಜ್ಞಾನದ ಟೀಚರ್ ಆಗಿ ಹೋಗಿದ್ದು 1987ರಲ್ಲಿ. ಸಂತಾನೋತ್ಪತ್ತಿ ಪಾಠ ಬಂದರೆ ‘ಮನೇಲೇ ಓದ್ಕೊಳ್ಳಿ’ ಅಂತ ಹಾಳೆ ತಿರುಗಿಸೋದು ಆಗಿನ ರೂಢಿ. ಮೊದಲ ವರ್ಷ ನಾನೂ ಹಾಗೇ ಮಾಡಿದೆ.

ಮರುವರ್ಷ ಒಂಬತ್ತನೇ ಕ್ಲಾಸಿನ ಹುಡುಗಿಯೊಬ್ಬಳು ಹದಿನೈದು ದಿನ ಬರಲಿಲ್ಲ. ದೊಡ್ಡವಳಾಗಿದ್ದಳು. ಸೋದರಮಾವ ಗುಡ್ಲು ಹಾಕಿದ್ದ, ಚಿಗಳಿ ತಿನ್ನಿಸಿ ಆರತಿ ಎತ್ತಿದ್ದರು. ವಾಪಸ್ ಬಂದವಳು ಮೆಲ್ಲಗೆ ಕೇಳಿದಳು, ‘ಮಿಸ್, ಹಿಂಗೇ ರಕ್ತ ಹೋದ್ರೆ ಸಾಯಲ್ವಾ?’ ಊರಿಗೆಲ್ಲ ಊಟ ಹಾಕಿದ್ದರು, ಅವಳಿಗೆ ಮಾತ್ರ ಯಾರೂ ಏನೂ ಹೇಳಿರಲಿಲ್ಲ.

ಶನಿವಾರ ಹುಡುಗರನ್ನು ಡ್ರಿಲ್ಲಿಗೆ ಕಳಿಸಿದೆ. ಲ್ಯಾಬಿನ ಅಳತೆ ಜಾಡಿಗೆ 40 ಮಿ.ಲೀ. ನೀರು ಹಾಕಿ ಕೆಂಪು ಶಾಯಿ ಬೆರೆಸಿದೆ. ‘ಒಂದು ಮುಟ್ಟಿಗೆ ಹೋಗೋದು ಹೆಚ್ಚುಕಮ್ಮಿ ಇಷ್ಟೇ.’ ಚೊಂಬುಗಟ್ಟಲೆ ಅಂದುಕೊಂಡಿದ್ದವರು ಜಾಡಿಯನ್ನು ಕೈಯಿಂದ ಕೈಗೆ ದಾಟಿಸಿ ನೋಡಿದರು. ಆಗ ಹಳೇ ಸೀರೆ ತುಂಡೇ ಗತಿ, ಅದನ್ನು ಕತ್ತಲೆ ಮೂಲೆಯಲ್ಲಿ ಒಣಗಿಸುತ್ತಿದ್ದರು. ಬಿಸಿಲಿಗೆ ಹಾಕಿ ಅಂದೆ. ‘ಅಪ್ಪ ನೋಡ್ತಾರೆ ಮಿಸ್.’ ಇದಕ್ಕೆ ನನ್ನ ಹತ್ತಿರ ಉತ್ತರ ಇರಲಿಲ್ಲ. ಮೇಲೊಂದು ತೆಳು ಟವೆಲ್ ಹೊದಿಸಿ ಅಂದೆ, ಅಷ್ಟೇ.

ಹುಡುಗರನ್ನು ಮರೆತೇಬಿಟ್ಟಿದ್ದೆ. ಹುಡುಗಿಗೆ ಆರತಿಯಾದರೂ ಉಂಟು, ಇವರಿಗೆ ಅದೂ ಇಲ್ಲ. ಇವರ ಪಾಠ ಇದ್ದಿದ್ದು ಬಸ್‌ಸ್ಟ್ಯಾಂಡ್ ಗೋಡೆ ಮೇಲೆ: ಗುಪ್ತರೋಗ, ನರದೌರ್ಬಲ್ಯ, ಲಾಡ್ಜಿನ ರೂಮ್ ನಂಬರು. ಒಂದು ಹನಿ ವೀರ್ಯಕ್ಕೆ 40 ಹನಿ ರಕ್ತ ಅನ್ನೋ ಮಾತನ್ನು ನಂಬಿ, ನಿದ್ದೆಯಲ್ಲಿ ಹೋದರೆ ಸತ್ತೇ ಹೋಗ್ತೀವಿ ಅಂತ ಹೆದರಿದ್ದರು. ಡ್ರಿಲ್ ಮೇಷ್ಟ್ರನ್ನು ಕೇಳಿದೆ. ‘ಅಯ್ಯೋ ಮೇಡಂ, ನನ್ನ ಕೈಲಾಗಲ್ಲ’ ಅಂದರು.

ಕೊನೆಗೆ 1991ರಲ್ಲಿ ನಾನೇ ಹೋದೆ. ಮುಖ ನೋಡಿ ಹೇಳೋ ಧೈರ್ಯ ಬರಲಿಲ್ಲ, ಬೋರ್ಡಿನ ಕಡೆ ತಿರುಗಿ ಸುಮ್ನೆ ಲೆಕ್ಕ ಬರೆದೆ. ಒಂದು ಸಲಕ್ಕೆ ಜಾಸ್ತಿ ಅಂದರೆ 5 ಮಿ.ಲೀ. ನಲವತ್ತರಿಂದ ಗುಣಿಸಿದರೆ 200. ತಿಂಗಳಿಗೆ ಐದು ಸಲ ಆದರೆ ಒಂದು ಲೀಟರ್ ರಕ್ತ. ಮೈಯಲ್ಲಿರೋದೇ ಸುಮಾರು ಐದು ಲೀಟರ್. ‘ಹಾಗಿದ್ರೆ ದಸರಾ ಹೊತ್ತಿಗೆ ಈ ಕ್ಲಾಸೇ ಖಾಲಿ ಆಗಬೇಕಿತ್ತು, ಅಲ್ವಾ?’ ಹಿಂದಿನ ಬೆಂಚಿನವನೊಬ್ಬ ಕಿಸಕ್ಕನೆ ನಕ್ಕ. ಆಮೇಲೆ ಎಲ್ಲರೂ.

ಸೋಮವಾರ ಒಬ್ಬ ತಂದೆ ಬಂದು ಕೂಗಾಡಿದರು. ಹೆಡ್‌ಮಾಸ್ಟರ್ ಕರೆಸಿ ಕೇಳಿದಾಗ ‘ಗುಣಾಕಾರ ಮಾಡಿಸಿದೆ ಸಾರ್’ ಅಂದೆ. (2007ರಲ್ಲಿ ರಾಜ್ಯ ಸರ್ಕಾರವೇ ಇಂಥ ಪಾಠ ಶಾಲೆಗೆ ಬೇಡ ಅಂದಾಗ ಆ ತಂದೆ ನೆನಪಾದರು.)

ಅದೇ ವಾರ ಒಬ್ಬ ಹುಡುಗ ಸ್ಟಾಫ್‌ರೂಮಿನ ಹೊರಗೆ ಕಾದು ನಿಂತಿದ್ದ. ಲಾಡ್ಜ್ ಡಾಕ್ಟರಿಗೆ ಅಂತ ಕೂಡಿಟ್ಟ 60 ರೂಪಾಯಿ ಜೇಬಿನಲ್ಲಿತ್ತು. ‘ಇದನ್ನೇನು ಮಾಡ್ಲಿ ಮಿಸ್?’

‘ಮಸಾಲೆ ದೋಸೆ ತಿನ್ನು ಹೋಗು’ ಅಂದೆ.