ತಗಡು ತೆಳುವಾದರೆ ಕಿಚ್ಚು ಹಿಂದಕ್ಕೆ: ಕಾದಂಬರಿಗೊಂದು ಅಕ್ಷರಮಾಯೆ ಕಟ್ಟಿದ ಬಗೆ

ತಾಮ್ರದ ತಗಡಿನ ಮೇಲೆ ಅಕ್ಷರ ಕೆತ್ತಿ ಮಾಡುವ ನನ್ನ ಕಾದಂಬರಿಯ ಮಾಯಾವಿದ್ಯೆಗೆ ಇಟ್ಟ ಹೆಸರು ‘ಕಂಡರಣೆ’. ಶಾಸನ ಕೆತ್ತಿದವರು ತಮ್ಮ ಕೆಲಸಕ್ಕೆ ಬಳಸುತ್ತಿದ್ದ ‘ಕಂಡರಿಸು’ ಎಂಬ ಮಾತಿನಿಂದ ಬಂದದ್ದು. ಮಂತ್ರಾಕ್ಷರ ಕೆತ್ತಿದೊಡನೆ ಹೊಳೆಯುತ್ತದೆ, ಗೋಡೆ ಒಡೆಯುತ್ತದೆ ಎನ್ನುವಷ್ಟಕ್ಕೇ ನಿಲ್ಲಿಸಿದರೆ ಹತ್ತನೇ ಪುಟಕ್ಕೆ ಓದುಗರಿಗೆ ಸಾಕಾಗುತ್ತದೆ. ಹಾಗಾಗಿ ನಿಯಮಗಳನ್ನು ಕೂತಲ್ಲೇ ಹುಟ್ಟಿಸುವ ಬದಲು ತಾಮ್ರದ ತಗಡು, ಚಾಣ (ಕೆತ್ತುವ ಉಳಿ), ಲಿಪಿ ಈ ಮೂರೂ ಕೊಡುವ ತೊಂದರೆಗಳಿಂದಲೇ ಎತ್ತಿಕೊಂಡೆ.

ಮೊದಲು ಅಕ್ಷರಗಳು. ಈಗಿನ ಕನ್ನಡ ಅಕ್ಷರ ಬಳಸಲಿಲ್ಲ. ‘ಕ’ ಕಂಡರೆ ಓದುಗ ‘ಕ’ ಎಂದೇ ಓದುತ್ತಾನೆ, ಗುಟ್ಟು ಉಳಿಯುವುದಿಲ್ಲ. ಮೇಲಾಗಿ ನಮ್ಮ ಅಕ್ಷರಗಳೆಲ್ಲ ದುಂಡು. ನೇರ ಬಾಯಿಯ ಚಾಣಕ್ಕೆ ದುಂಡು ಒಗ್ಗುವುದಿಲ್ಲ. ಮಸ್ಕಿ, ಬ್ರಹ್ಮಗಿರಿಯ ಅಶೋಕನ ಶಾಸನಗಳಲ್ಲಿರುವ ಬ್ರಾಹ್ಮಿ ಲಿಪಿ ಹಾಗಲ್ಲ: ‘ಕ’ ಬರೀ ಕೂಡಿಸುವ ಗುರುತು, ‘ಗ’ ಗುಡಿಸಲಿನ ಮಾಡು, ‘ಠ’ ಒಂದು ಸೊನ್ನೆ, ‘ಥ’ ನಡುವೆ ಚುಕ್ಕಿ ಇಟ್ಟ ಸೊನ್ನೆ, ‘ರ’ ನಿಂತ ಗೆರೆ, ‘ನ’ ಅಡ್ಡಗೆರೆಯ ಮೇಲೆ ನೆಟ್ಟ ಕೋಲು. ಈ ಆರಕ್ಕೆ ಏಳನೆಯದಾಗಿ ‘ತ’ ಸೇರಿಸಿ, ಉಚ್ಚಾರವನ್ನು ಕಳಚಿ, ಬೇರೆ ಅರ್ಥ ಕೊಟ್ಟೆ: ಕಿಚ್ಚು, ಕಲ್ಲು, ನೀರು, ಉಸಿರು, ದನಿ, ಕಟ್ಟು, ದಾರಿ. ಮೊದಲ ಕರಡಿನಲ್ಲಿ ಇಡೀ ವರ್ಣಮಾಲೆ ತುಂಬಿದ್ದೆ. ಓದಿದವರಿಗೆ ಐದಾರರ ಮೇಲೆ ಒಂದೂ ನೆನಪಿರಲಿಲ್ಲ.

ಕಾಗುಣಿತವನ್ನು ದಿಕ್ಕು ಮಾಡಿದೆ. ಬ್ರಾಹ್ಮಿಯಲ್ಲಿ ಅಕ್ಷರದ ತಲೆಗೆ ಬಲಕ್ಕೊಂದು ಗೀಟು ಎಳೆದರೆ ‘ಆ’ಕಾರ, ಎಡಕ್ಕೆ ಎಳೆದರೆ ‘ಏ’ಕಾರ. ಕಂಡರಣೆಯಲ್ಲಿ ಬಲದ ಗೀಟು ಹೊರಕ್ಕೆ ತಳ್ಳುತ್ತದೆ, ಎಡದ್ದು ಒಳಕ್ಕೆ ಎಳೆಯುತ್ತದೆ, ಮೇಲಿನದು ಹೆಚ್ಚಿಸುತ್ತದೆ, ಬುಡದ್ದು ಕೂಡಿಡುತ್ತದೆ. ಗೀಟಿಲ್ಲದಿದ್ದರೆ ಇದ್ದಲ್ಲೇ ಇರುತ್ತದೆ. ಏಳು ಅಕ್ಷರಕ್ಕೆ ಐದು ರೂಪ, ಒಟ್ಟು 35. ಪ್ರತಿಯೊಂದಕ್ಕೂ ಏಳರಲ್ಲಿ ಒಂದು ಒತ್ತು ಕೊಡಬಹುದು ಎಂದರೆ ಇನ್ನೂ 245. ಒಟ್ಟು 280. ಇದರಲ್ಲಿ ಸುಮಾರು 40ಕ್ಕೆ ಮಾತ್ರ ಅರ್ಥ ಬರೆದಿಟ್ಟುಕೊಂಡೆ. ಉಳಿದವು ಊರಿನ ಕಂಡರಣೆಗಾರರಿಗೂ ಗೊತ್ತಿಲ್ಲ. ಪಟ್ಟಿ ಪೂರ್ತಿ ತುಂಬುವ ಆಸೆ ಬೇಡ. ತುಂಬಿದ ದಿನ ಕಥೆಯಲ್ಲಿ ಕಲಿಯುವುದಕ್ಕೆ ಏನೂ ಉಳಿದಿರುವುದಿಲ್ಲ.

ಒತ್ತಕ್ಷರವೇ ಇಡೀ ವಿದ್ಯೆಯ ಗಂಟು. ಕೆಳಗಿರುವುದು ಮೇಲಿನದಕ್ಕೆ ಉಣಿಸುತ್ತದೆ. ಕಿಚ್ಚಿಗೆ ನೀರಿನ ಒತ್ತು ಕೊಟ್ಟರೆ ಪಕ್ಕದ ಬಾವಿ ಬತ್ತುತ್ತದೆ, ಉಸಿರಿನ ಒತ್ತು ಕೊಟ್ಟರೆ ತಗಡು ಹಿಡಿದವನಿಗೆ ಏದುಸಿರು ಬರುತ್ತದೆ. ಒತ್ತೇ ಇಲ್ಲದ ಅಕ್ಷರ ಅಡ್ಡಿಯಿಲ್ಲದೆ ಕೆಲಸ ಮಾಡುತ್ತದೆ, ಆದರೆ ದೀಪ ಹಚ್ಚುವಷ್ಟು ಮಾತ್ರ. ಇದರಿಂದ ‘ಬೆಲೆ’ ಎನ್ನುವುದು ಬೇರೆಯಾಗಿ ಹೇಳಬೇಕಾದ ನಿಯಮವಾಗಲಿಲ್ಲ, ಅಕ್ಷರದಲ್ಲೇ ಕಾಣುತ್ತದೆ. ‘ಸ್ತ್ರೀ’ಯಲ್ಲಿರುವಂತೆ ಎರಡು ಒತ್ತು ಇಡೀ ಪುಸ್ತಕದಲ್ಲಿ ಒಂದೇ ಸಲ ಬರುತ್ತದೆ. ಮೊದಲು ಇದಕ್ಕೆ ಮಿತಿ ಇಟ್ಟಿರಲಿಲ್ಲ. ಮೂರನೇ ಅಧ್ಯಾಯಕ್ಕೇ ಒಬ್ಬ ನಾಲ್ಕು ಒತ್ತು ಹಾಕಿ ಕೋಟೆ ಎಬ್ಬಿಸಿಬಿಟ್ಟಿದ್ದ, ಅಲ್ಲಿಂದ ಮುಂದೆ ಕಥೆ ಹೋಗಲಿಲ್ಲ.

ಈಗಿನ ಕನ್ನಡದಿಂದ ಒಂದನ್ನು ಮಾತ್ರ ಕದ್ದೆ: ಅರ್ಕಾವತ್ತು. ‘ಅರ್ಕ’ ಬರೆಯುವಾಗ ರಕಾರದ ಗುರುತು ಕೊನೆಗೆ ಬೀಳುತ್ತದೆ, ಓದುವಾಗ ಮೊದಲು ಬರುತ್ತದೆ. ಕಂಡರಣೆಯಲ್ಲಿ ಅದು ಷರತ್ತು. ಎಲ್ಲ ಕೆತ್ತಿದ ಮೇಲೆ ಬದಿಗೆ ಹಾಕುವ ಗುರುತು, ಆದರೆ ಅದು ನೆರವೇರದೆ ಉಳಿದದ್ದು ಕದಲುವುದಿಲ್ಲ. ‘ಬಾಗಿಲು ತೆರೆದರೆ ಮಾತ್ರ’ ಎನ್ನುವ ಬಗೆಯ ಬಲೆಗಳೆಲ್ಲ ಇದರಿಂದಲೇ.

ಇಷ್ಟು ಕಾಗದದ ಮೇಲಾಯಿತು. ತಪ್ಪುಗಳು ಹೇಗಿರಬೇಕು ಎಂದು ತಿಳಿಯಲು ಕೆತ್ತಿಯೇ ನೋಡಬೇಕು. 22 ಗೇಜಿನ, ಅಂದರೆ ಸುಮಾರು 0.7 ಮಿಲಿಮೀಟರ್ ದಪ್ಪದ ತಾಮ್ರದ ತಗಡು. ಮಂದ ಕೆಂಪಾಗುವಷ್ಟು ಕಾಯಿಸಿ ನೀರಿಗೆ ಅದ್ದಿದರೆ ಮೆದುವಾಗುತ್ತದೆ. ಕಪ್ಪು ಹೋಗಲು ಹುಣಸೆಹುಳಿ ತಿಕ್ಕಿ, ಅರಗಿನ ಹಾಸಿಗೆಯ ಮೇಲೆ ಕೂರಿಸಿ, ಕಾರ್ಬನ್ ಹಾಳೆಯಲ್ಲಿ ಗೆರೆ ಮೂಡಿಸಿ, ಚಾಣವನ್ನು ಓರೆಯಾಗಿ ಹಿಡಿದು ಸಣ್ಣ ಸುತ್ತಿಗೆಯಿಂದ ಬಡಿಯುವುದು. ಕೂಡಿಸುವ ಗುರುತಿಗೆ ಎರಡು ಗೆರೆ ಸಾಕು. ಸೊನ್ನೆಗೆ ಎಂಟು ತುಂಡು ಗೆರೆ ಬೇಕು, ಎಂಟನೆಯದು ಮೊದಲನೆಯದನ್ನು ಮುಟ್ಟದೆ ಕೂದಲೆಳೆಯಷ್ಟು ಬಿಟ್ಟುಕೊಳ್ಳುವುದೇ ಹೆಚ್ಚು. ಹಾಗಾಗಿ ನನ್ನ ಕಥೆಯಲ್ಲಿ ನೀರಿನ ತಗಡುಗಳೆಲ್ಲ ಸ್ವಲ್ಪ ಸೋರುತ್ತವೆ, ನೀರು ಕೆತ್ತುವವನ ಕೂಲಿಯೂ ಹೆಚ್ಚು. ಬಡಿದಷ್ಟೂ ತಾಮ್ರ ಗಡಸಾಗುತ್ತದೆ, ಮತ್ತೆ ಕಾಯಿಸದಿದ್ದರೆ ಬಿರುಕು ಬಿಡುತ್ತದೆ. ಕೆಲಸದ ನಡುವೆ ಒಲೆ ಬೇಕೆಂದಾದ ಮೇಲೆ ಯುದ್ಧಭೂಮಿಯಲ್ಲಿ ನಿಂತು ಮಂತ್ರ ಕೆತ್ತುವ ದೃಶ್ಯಗಳನ್ನೆಲ್ಲ ತೆಗೆದೆ.

ಎಲ್ಲಕ್ಕಿಂತ ಉಪಯೋಗಕ್ಕೆ ಬಂದದ್ದು ತಗಡಿನ ಬೆನ್ನು. ತೆಳು ತಗಡಿಗೆ ಆಳವಾಗಿ ಬಡಿದರೆ ಅಕ್ಷರ ಹಿಂಬದಿಯಲ್ಲಿ ಉಬ್ಬುತ್ತದೆ. ಹಳೆಯ ತಾಮ್ರಶಾಸನಗಳಲ್ಲೂ ಇದು ಕಾಣುತ್ತದೆ. ಆದರೆ ಉಬ್ಬುವುದು ಕನ್ನಡಿಯ ಬಿಂಬದ ಹಾಗೆ: ಬಲದ ಗೀಟು ಎಡಕ್ಕೆ ಬರುತ್ತದೆ. ಹೊರಕ್ಕೆ ತಳ್ಳಬೇಕಾದ ಕಿಚ್ಚು ಬೆನ್ನಿನ ಕಡೆ ಒಳಕ್ಕೆ ಎಳೆಯುವ ಕಿಚ್ಚಾಗುತ್ತದೆ, ಅಂಗೈ ಇರುವುದು ಆ ಕಡೆಗೇ. ಮೇಲಿನ, ಬುಡದ ಗೀಟುಗಳು ಮಾತ್ರ ಬದಲಾಗುವುದಿಲ್ಲ. ಒಂದೇ ನಿಯಮದಿಂದ ಸಿರಿವಂತರ ಕೈಗೆ ದಪ್ಪ ತಗಡು ಬಂತು, ಬಡವರ ಅಂಗೈಗೆ ಸುಟ್ಟ ಗಾಯ ಬಂತು, ಕೊಲೆಗೊಂದು ದಾರಿಯೂ ಸಿಕ್ಕಿತು.

ತಿದ್ದುವುದಕ್ಕೂ ಇತಿಹಾಸದಲ್ಲೇ ಉತ್ತರವಿದೆ. ಹಳೆಯ ಬರಹವನ್ನು ಬಡಿದು ಅಳಿಸಿ, ಅದೇ ತಗಡಿನ ಮೇಲೆ ಮತ್ತೆ ಕೆತ್ತಿದ ಶಾಸನಗಳು ಸಿಕ್ಕಿವೆ. ಅಳಿಸಿದ ಜಾಗ ನಯವಾಗಿ ಕಂಡರೂ ಓರೆ ಬೆಳಕಿಗೆ ಹಿಡಿದರೆ ಹಳೆಯ ಗೆರೆ ಮಬ್ಬಾಗಿ ಏಳುತ್ತದೆ. ಕಂಡರಣೆಯಲ್ಲಿ ಆ ಮಬ್ಬು ಗೆರೆ ನಿದ್ದೆ ಮಾಡುತ್ತಿರುತ್ತದೆ ಅಷ್ಟೆ, ಸತ್ತಿಲ್ಲ.

ಬಾಳಿಕೆಗೆ ಶಾಸನದ ತಲೆಯಲ್ಲಿ ಕೆತ್ತುವ ಸೂರ್ಯಚಂದ್ರರನ್ನು ಹಿಡಿದೆ: ಎರಡೂ ಇದ್ದರೆ ಶಾಶ್ವತ, ಸೂರ್ಯನೊಬ್ಬನೇ ಇದ್ದರೆ ಹೊತ್ತು ಮುಳುಗುವವರೆಗೆ. ಹಲವು ತಗಡುಗಳನ್ನು ಪೋಣಿಸುವ ಬಳೆ, ಅದರ ಮುದ್ರೆ ಇವು ಓದುವ ಕ್ರಮವನ್ನು ಕಾಯುತ್ತವೆ; ಬಳೆ ಕತ್ತರಿಸಿದರೆ ವಾಕ್ಯ ಚದುರಿತು. ಅಚ್ಚಿನಲ್ಲಿ ಎರಕ ಹೊಯ್ದರೆ ಆಗುವುದಿಲ್ಲವೇ ಎಂದು ಕರಡು ಓದಿದ ಮೂವರೂ ಕೇಳಿದರು. ಆಗುವುದಿಲ್ಲ. ಅಕ್ಷರ ಕೈಯ ಪೆಟ್ಟಿನಿಂದಲೇ ಮೂಡಬೇಕು. ಎರಕದ ಮುದ್ರೆ ಸಾಕ್ಷಿ ಹೇಳುತ್ತದೆ, ಕೆಲಸ ಮಾಡುವುದಿಲ್ಲ. ಈ ಒಂದು ಸಾಲು ಇಲ್ಲದಿದ್ದರೆ ಕಥೆಯ ಯಾವನೋ ವ್ಯಾಪಾರಿ ಸಾವಿರ ತಗಡು ಎರೆದು ಎಲ್ಲವನ್ನೂ ಮುಗಿಸಿಬಿಡುತ್ತಾನೆ.

ಕೊನೆಯದು ಕೆತ್ತಿದವನ ಸಹಿ. ಬ್ರಹ್ಮಗಿರಿಯಲ್ಲಿ ಚಪಡನೆಂಬ ಲಿಪಿಕಾರ ಬ್ರಾಹ್ಮಿಯಲ್ಲಿ ಶಾಸನ ಬರೆದು, ‘ಲಿಪಿಕರೇಣ’ (ಲಿಪಿಕಾರನಿಂದ) ಎಂಬ ಮಾತನ್ನು ಮಾತ್ರ ಖರೋಷ್ಠಿ ಲಿಪಿಯಲ್ಲಿ, ಬಲದಿಂದ ಎಡಕ್ಕೆ ಬರೆದಿದ್ದಾನೆ. ಬಹುಶಃ ತನ್ನ ವಿದ್ಯೆ ತೋರಿಸಲು ಇರಬೇಕು. ನನ್ನ ಕಂಡರಣೆಗಾರರಿಗೆ ಹೀಗೆ ಬೇರೆ ಲಿಪಿಯಲ್ಲಿ ಸಹಿ ಹಾಕುವುದು ಕಡ್ಡಾಯ: ತನ್ನ ಹೆಸರನ್ನು ಮಂತ್ರದ ಲಿಪಿಯಲ್ಲೇ ಕೆತ್ತಿದರೆ ಅವನೂ ವಾಕ್ಯದೊಳಗೆ ಸೇರಿಹೋಗುತ್ತಾನೆ. ಹದಿನೆಂಟನೇ ಅಧ್ಯಾಯದಲ್ಲಿ ಒಬ್ಬಳು ಬೇಕೆಂದೇ ಹಾಗೆ ಮಾಡುತ್ತಾಳೆ.