ಬೂಷ್ಟೋ, ಕುಟ್ಟೆ ಹುಳವೋ?

ನಮ್ಮ ಮನೆ ಸಾಗರದ ಹತ್ತಿರ. ಜೂನ್‌ನಲ್ಲಿ ಹಿಡಿದ ಮಳೆ ಸುಲಭಕ್ಕೆ ಬಿಡುವುದಿಲ್ಲ. ಒಂದು ಆಷಾಢದಲ್ಲಿ ಬಚ್ಚಲಿನ ಗೋಡೆಗೆ ತಾಗಿಸಿಟ್ಟಿದ್ದ ಹಲಸಿನ ಕಪಾಟಿನ ಹಿಂದೆ ಹಿಟ್ಟು ಚೆಲ್ಲಿದ ಹಾಗೆ ಬಿಳಿ ಕಂಡಿತು. ಮರ ಕೊರೆಯುವ ಕುಟ್ಟೆ ಹುಳ ಅಂದುಕೊಂಡು ಒಣ ಪೊರಕೆಯಲ್ಲಿ ಗುಡಿಸಿ, ಸೀಮೆಎಣ್ಣೆ ಸವರಿದೆ. ಹತ್ತೇ ದಿನಕ್ಕೆ ಒಳಗಿನ ಹಲಗೆಗಳಿಗೂ ಅಮ್ಮನ ಸೀರೆಗಳಿಗೂ ಹರಡಿತು. ಗುಡಿಸುವ ನೆಪದಲ್ಲಿ ಬೂಷ್ಟಿನ ಬೀಜ ಬಿತ್ತಿದವನು ನಾನೇ!

ನೋಡಲು ಬಂದ ಮರಗೆಲಸದ ಆಚಾರ್ರು ಕೇಳಿದ್ದು ಒಂದೇ: "ಹುಳ ಆದ್ರೆ ತೂತು ಎಲ್ಲಿದೆ ಮಾರಾಯ್ರೆ, ತೋರಿಸಿ."

ತೂತೇ ಇರಲಿಲ್ಲ. ಹುಳದ ಪುಡಿ ಸೂಜಿಮೊನೆಯಂಥ ತೂತಿನಿಂದ ಉದುರಿ ಕೆಳಗೆ ಗುಡ್ಡೆಯಾಗುತ್ತದೆ. ಬೂಷ್ಟು ಹಾಗಲ್ಲ, ಹಲಗೆಗೇ ಅಂಟಿಕೊಂಡು ದುಂಡು ದುಂಡಾಗಿ ಹಬ್ಬುತ್ತದೆ. ಟಾರ್ಚನ್ನು ಎದುರಿನಿಂದ ಬಿಟ್ಟರೆ ಬರೀ ಕಲೆ. ಹಲಗೆಗೆ ಒರಗಿಸಿ ಪಕ್ಕದಿಂದ ಬಿಟ್ಟರೆ ಹತ್ತಿಯಂಥ ನವಿರು ಎಳೆಗಳು ಎದ್ದು ಕಾಣುತ್ತವೆ. ಪಾಲಿಶ್ ಬೆಳ್ಳಗಾಗಿದ್ದರೆ ಈ ನವಿರು ಇರುವುದಿಲ್ಲ, ಮೈ ನುಣುಪಾಗೇ ಇರುತ್ತದೆ. ಇನ್ನು ವಾಸನೆ. ಬಾಗಿಲು ತೆರೆದ ಕೂಡಲೇ ಒದ್ದೆ ಮಣ್ಣಿನ ಮುಗ್ಗಲು ವಾಸನೆ ಬಂದರೆ ನನಗೆ ಅರ್ಧ ಅನುಮಾನ ಅಲ್ಲೇ ತೀರುತ್ತದೆ.

ಕಪ್ಪು ಕಲೆ ಮಾತ್ರ ಸತಾಯಿಸುತ್ತದೆ. ಮೊಳೆಯ ಸುತ್ತ ಕಪ್ಪಾಗಿದ್ದರೆ ಅದು ಕಬ್ಬಿಣಕ್ಕೂ ಮರದ ಒಗರಿಗೂ ಸೇರಿ ಆದ ಬಣ್ಣವಿರಬಹುದು. ಆಗ ನೀರು ಬೆರೆಸಿದ ಬ್ಲೀಚ್ ಒಂದು ಹನಿ, ಕಣ್ಣಿಗೆ ಬೀಳದ ಮೂಲೆಯಲ್ಲಿ. ಒಂದೆರಡು ನಿಮಿಷದಲ್ಲಿ ಕಲೆ ತಿಳಿಯಾದರೆ ಬಹುಮಟ್ಟಿಗೆ ಬೂಷ್ಟೇ. ಇದು ಗುರುತು ಹಿಡಿಯಲು ಮಾತ್ರ. ಬಣ್ಣ ಹೋಯಿತೆಂದು ಬೇರೂ ಹೋಯಿತು ಅಂದುಕೊಳ್ಳಬೇಡಿ.

ಕೊನೆಗೆ ಸ್ಕ್ರೂಡ್ರೈವರ್ ತುದಿಯಿಂದ ಒತ್ತಿ ನೋಡಿದೆ. ಬರೀ ಬೂಷ್ಟಾದರೆ ಮರ ಗಟ್ಟಿಯಾಗೇ ಇರುತ್ತದೆ. ತುದಿ ಮೆತ್ತಗೆ ಇಳಿದರೆ ಮರ ಕೊಳೆತು ಕುಂಬಾಗಿದೆ ಎಂದೇ ಲೆಕ್ಕ. ಸದ್ಯ, ನಮ್ಮದು ಗಟ್ಟಿಯಿತ್ತು.

ಮೂಗಿಗೆ ಮಾಸ್ಕ್ ಕಟ್ಟಿ, ಸೋಪು ನೀರಲ್ಲಿ ಹಿಂಡಿದ ಬಟ್ಟೆಯಿಂದ ಒರೆಸಿ, ಫ್ಯಾನ್ ಹಾಕಿ ಒಣಗಿಸಿದೆ. ಕಪಾಟನ್ನು ಗೋಡೆಯಿಂದ ಒಂದು ಗೇಣು ಈಚೆಗೆ ಎಳೆದಿಟ್ಟೆ. ಆದರೂ ಎಡಗಡೆಯ ಕೆಳಮೂಲೆಯಲ್ಲಿ ಮಾತ್ರ ಮತ್ತೆ ಮತ್ತೆ ಬರುತ್ತಿತ್ತು. ಅದರ ಹಿಂದಿನ ಗೋಡೆಗೆ ಕೈಯಿಟ್ಟೆ, ತಣ್ಣಗೆ ಒದ್ದೆ. ಬಚ್ಚಲಿನ ಪೈಪು ಒಳಗೇ ಸೋರುತ್ತಿತ್ತು. ಆಚಾರ್ರನ್ನು ಬಿಟ್ಟು ಪ್ಲಂಬರ್‌ಗೆ ಫೋನ್ ಮಾಡಿದೆ.